ಒಲೆ ಉರಿದರೆ ಸಾಲದು, ಹೆಸರಿರಬೇಕು

ನಮ್ಮ ಪಕ್ಕದ ಮನೆಯ ಜೇಬೆಜ್ ಟಟ್ಟನ್ ಬುಟ್ಟಿ ಹೆಣೆಯುವವನು. ಒಳ್ಳೆಯವನೇ, ಆದರೆ ಹಟಕ್ಕೆ ಬಿದ್ದರೆ ಹೇಸರಗತ್ತೆಯೂ ಅವನ ಮುಂದೆ ಸೋಲಬೇಕು. ಸಾಮರ್ಸೆಟ್ ಸೀಮೆಯ ಈ ನಮ್ಮ ಪಟ್ಟಣದಲ್ಲಿ ಸ್ವಂತ ಒಲೆಯಲ್ಲಿ ಬೇಯಿಸಿಕೊಂಡು ಉಣ್ಣುವ ಗಂಡಸಿಗೆ ಮತದ ಹಕ್ಕು ಎಂಬುದು ಅಜ್ಜಂದಿರ ಕಾಲದ ಪದ್ಧತಿ. ಅದಕ್ಕೇ ಚುನಾವಣೆ ಬಂತೆಂದರೆ ಜೇಬೆಜ್ ಬೀದಿಯಲ್ಲೇ ಒಲೆ ಹೂಡಿ, ಊರೆಲ್ಲ ನೋಡಲಿ ಎಂದು ಬಟಾಣಿ, ಹಂದಿಮಾಂಸ ಬೇಯಿಸುತ್ತಿದ್ದ. ಬೇಯಿಸುತ್ತಿದ್ದವಳು ಹೆಂಡತಿ ಕೆಜಾಯ ಅನ್ನಿ. ಇವನು ಪಕ್ಕದಲ್ಲಿ ಸೌಟು ಹಿಡಿದು ದೊರೆಯಂತೆ ನಿಲ್ಲುತ್ತಿದ್ದ.

1832ರಲ್ಲಿ ಹೊಸ ಕಾನೂನು ಬಂತು. ಹಳೆಯ ಹಕ್ಕಿನವರು ಬದುಕಿರುವವರೆಗೂ ಮತ ಹಾಕಬಹುದು, ಆದರೆ ಪ್ರತಿವರ್ಷ ಪಟ್ಟಿಯಲ್ಲಿ ಹೆಸರಿರಬೇಕು. ಆ ಪಟ್ಟಿಯನ್ನು ಆಗಸ್ಟಿನಲ್ಲಿ ಚರ್ಚಿನ ಬಾಗಿಲಿಗೆ ಅಂಟಿಸುತ್ತಾರೆ. ನನ್ನ ಗಂಡ ಸೈಲಸ್ ಅಲ್ಲಿ ಗಂಟೆ ಹೊಡೆಯುವವನು. ಕಾನೂನು ಬಂದು ಎರಡು ವರ್ಷವಾದ ಮೇಲೆ, ಒಂದು ಭಾನುವಾರ ಪಟ್ಟಿ ಓದಿ, ಮನೆಗೂ ಬಾರದೆ ನೇರ ಜೇಬೆಜನ ಅಂಗಳಕ್ಕೆ ಹೋದ. ನಾನೂ ಹಿಂದೆಯೇ ಹೋದೆ.

"ಜೇಬೆಜಣ್ಣ, ಪಟ್ಟೀಲಿ ನಿನ್ನ ಹೆಸರೇ ಇಲ್ವಲ್ಲೋ!"

"ಇಲ್ದಿದ್ರೆ ಏನೀಗ? ನನ್ನ ಒಲೆ ಉರೀತಿದೆ, ಮತ ನಂದು. ನಮ್ಮಪ್ಪ ಯಾವ ಪಟ್ಟಿ ನೋಡಿದ್ದ?"

"ನಿಮ್ಮಪ್ಪನ ಕಾಲ ನಿಮ್ಮಪ್ಪನ ಜೊತೇಲೇ ಹೋಯ್ತು. ಹೋದ ವರ್ಷಾನೂ ನಿನ್ನ ಹೆಸರು ಬಿಟ್ಟಿದ್ರಂತೆ. ಚುನಾವಣೆ ಇರ್ಲಿಲ್ಲ, ಯಾರೂ ನೋಡ್ಲಿಲ್ಲ. ಈ ಸಲಾನೂ ಅರ್ಜಿ ಕೊಟ್ಟು ಸೇರಿಸ್ದೆ ಬಿಟ್ರೆ ಎರಡು ವರ್ಷ ಸತತ ಹೆಸರಿಲ್ಲ ಅಂತಾಗುತ್ತೆ, ಹಕ್ಕು ಹೋಯ್ತು ಅಂತ್ಲೇ ಲೆಕ್ಕ. ಆಮೇಲೆ ಬೀದಿ ತುಂಬಾ ಒಲೆ ಹೂಡಿದ್ರೂ ವಾಪಸ್ ಬರಲ್ಲ."

"ಹೊಸ ಕಾನೂನು ಕೊಟ್ಟಿರೋ ಹೊಸ ಹಕ್ಕು ಕೇಳಿದ್ರೆ?"

"ಅದಕ್ಕೆ ದೊಡ್ಡ ಮನೆ ಇರ್ಬೇಕು. ಈ ಗೂಡಿಗೆ ಯಾರು ಕೊಡ್ತಾರೆ?"

ಜೇಬೆಜನ ಮುಖ ಸಪ್ಪಗಾಯಿತು. ಆದರೂ ಹಟ ಇಳಿಯಲಿಲ್ಲ. "ಆ ಚರ್ಚಿನ ಬಾಗಿಲಿಗೆ ನಾನು ಕಾಲಿಡಲ್ಲ. ನಾವು ಮೆಥಡಿಸ್ಟರು, ನಮ್ಮ ಪ್ರಾರ್ಥನೆ ಮನೆಯೇ ಬೇರೆ. ಪಾದ್ರಿ ಕಂಡ್ರೆ, ಕಡೆಗೂ ದಾರಿಗೆ ಬಂದ್ಯಲ್ಲ ಅಂತ ಹಲ್ಲು ಕಿಸೀತಾನೆ."

"ನಾನೇನು ಪ್ರಾರ್ಥನೆ ಮಾಡು ಅಂದೆನೇನೋ? ಓದು ಅಂದೆ. ಬಾಗಿಲ ಹೊರಗೆ ನಿಂತ್ರೆ ನಿನ್ನ ದೇವರೇನೂ ಮುನಿಸ್ಕೊಳ್ಳಲ್ಲ."

ಅಷ್ಟರಲ್ಲಿ ಕೆಜಾಯ ಹಿಟ್ಟಿನ ಕೈಯಲ್ಲೇ ಹೊರಗೆ ಬಂದಳು. ಜೋರು ಮಾಡುವವಳಲ್ಲ ಅವಳು. ಮೆಲ್ಲಗೇ ಹೇಳಿದಳು. "ಇಷ್ಟು ವರ್ಷ ಹೊಗೆ ಕುಡಿದೋಳು ನಾನು, ಮತ ನಿಂದು. ಅದಕ್ಕೆ ನಂಗೆ ಬೇಜಾರಿಲ್ಲ. ನಂಗೆ ಯಾರೂ ಕೊಡ್ಲಿಲ್ಲ, ಕೇಳೋ ಹಂಗೂ ಇಲ್ಲ. ನಮ್ಮಿಬ್ಬರಿಗೂ ಸೇರಿ ಇರೋದೇ ಒಂದು. ಅದನ್ನೂ ಹಟಕ್ಕೆ ಕಳೀತೀಯಾ, ಜೇಬೆಜ್?"

ಜೇಬೆಜ್ ಟೋಪಿ ಹಾಕಿಕೊಂಡು, "ನಡಿಯೋ ಸೈಲಸ್" ಅಂದ.

ಪಟ್ಟಿ ಬರೆಯುವ ಅಧಿಕಾರಿಗೆ ಅದೇ ವಾರ ಅರ್ಜಿ ಕೊಟ್ಟರು. ಸೆಪ್ಟೆಂಬರಿನಲ್ಲಿ ವಿಚಾರಣೆಗೆ ಕರೆ ಬಂತು. ಕೆಜಾಯಳ ಜೊತೆ ನಾವೂ ಹಿಂದಿನ ಬೆಂಚಿನಲ್ಲಿ ಹೋಗಿ ಕೂತೆವು. ಪಟ್ಟಿ ತಿದ್ದಲು ಬಂದಿದ್ದ ವಕೀಲರು ಕನ್ನಡಕದ ಮೇಲಿಂದ ನೋಡಿ ಕೇಳಿದರು.

"ನಿಮ್ಮ ಮನೇಲಿ ಅಡುಗೆ ಮಾಡೋದು ಯಾರು?"

"ನನ್ನ ಹೆಂಡ್ತಿ, ಸ್ವಾಮಿ. ನಾನು ಮಾಡಿದ್ರೆ ನಾಯೀನೂ ಮೂಸಲ್ಲ."

"ಒಲೆ ನಿಮ್ಮದೇ ತಾನೆ?"

"ಅವಳದು, ಸ್ವಾಮಿ. ಅಂದ್ರೆ... ನಮ್ದೇ."

ಕೂತಿದ್ದವರೆಲ್ಲ ನಕ್ಕರು. ವಕೀಲರೂ ನಗುತ್ತಲೇ ಹೆಸರು ಬರೆಸಿದರು. ಬುಟ್ಟಿ ಹೆಣೆದು ಒರಟಾದ ಆ ಕೈ ಹಾಡಹಗಲೇ, ಪೇಟೆ ಬೀದಿಯಲ್ಲಿ, ಹೆಂಡತಿಯ ಕೈ ಹಿಡಿದುಕೊಂಡು ಮನೆಗೆ ಬಂತು. ನಾಚಿಕೆ ಬಿಟ್ಟ ಮುದುಕ!

ಅಣ್ಣಂದಿರೇ, ನಿಮ್ಮ ಹಕ್ಕು ಎಷ್ಟೇ ಹಳೆಯದಿರಲಿ, ಪಟ್ಟಿಯಲ್ಲಿ ಹೆಸರಿಲ್ಲದಿದ್ದರೆ ಇದ್ದೂ ಇಲ್ಲದಂತೆ. ಹೋದ ಸಲ ಇತ್ತು ಅಂತ ಸುಮ್ಮನಿರಬೇಡಿ. ಅವರಿವರ ಮಾತು ನಂಬಬೇಡಿ, ನೀವೇ ಹೋಗಿ ನೋಡಿ. ಇಲ್ಲದಿದ್ದರೆ ಗಡುವು ಮೀರುವ ಮೊದಲೇ ಅರ್ಜಿ ಕೊಡಿ, ಕರೆದ ದಿನ ತಪ್ಪದೆ ಹಾಜರಾಗಿ. ನಾನೂ ಆ ಬಾಗಿಲ ಮುಂದೆ ನಿಂತು ಪಟ್ಟಿಯನ್ನೆಲ್ಲ ಓದಿದೆ. ನಾನು ಹೆಂಗಸು, ಅದರಲ್ಲಿ ಹುಡುಕಲು ನನಗೆ ಹೆಸರಿಲ್ಲ. ನಿಮಗಿದೆ. ಹೋಗಿ ಹುಡುಕಿ.