ಅಂಟಿನ ಜೊತೆ ಒಣಗುತ್ತಿದ್ದ ಗಂಟೆ

ಒಂದಾನೊಂದು ಕಾಲದಲ್ಲಿ, ಆ ಕಾಲಕ್ಕೇ ಶ್ರುತಿ ಕೂಡಿಸುವ ಅಜ್ಜಿಯೊಬ್ಬಳಿದ್ದಳು. ಅವಳ ಆಸ್ತಿಯೆಂದರೆ ಮರದ ಪೆಟ್ಟಿಗೆಯಲ್ಲಿ ಸಾಲಾಗಿ ಮಲಗಿದ್ದ ಬಡಿದರೆ ಒಂದೊಂದು ಸ್ವರ ಹಿಡಿಯುವ ಹನ್ನೆರಡು ಉಕ್ಕಿನ ಕವೆಗಳು, ಎರಡು ಕಿವಿ, ಮತ್ತು ಎಲ್ಲರೂ ಗುಬ್ಬಿ ಎಂದು ಕರೆಯುತ್ತಿದ್ದ ಮೊಮ್ಮಗಳು.

ಪ್ರತಿ ಕೋಣೆಗೂ ತನ್ನದೇ ಒಂದು ಗುಂಯ್‌ಗುಡುವಿಕೆ ಇರುತ್ತದೆ ಎನ್ನುವುದು ಅಜ್ಜಿಯ ವಿದ್ಯೆಯ ಮೊದಲ ಪಾಠ. ಗೋಡೆ, ಕಿಟಕಿ, ಕಬ್ಬಿಣದ ಸಾಮಾನು ಎಲ್ಲ ಸೇರಿ ಹಿಡಿಯುವ ಸ್ವರ ಅದು. ಅದಕ್ಕಿಂತ ಕೂದಲೆಳೆಯಷ್ಟು ತಪ್ಪಿದ ಇನ್ನೊಂದು ಸ್ವರ ಪಕ್ಕದಲ್ಲಿ ಬಂದು ಕೂತರೆ ಎರಡೂ ಉಜ್ಜಾಡುತ್ತವೆ; ಆ ಉಜ್ಜಾಟದಲ್ಲಿ ಕಾಲ ಸವೆದುಹೋಗುತ್ತದೆ. ಶಾಲೆಯ ಗಣಿತದ ತರಗತಿ ಮುಗಿಯುವುದೇ ಇಲ್ಲವೆಂದು ಮಕ್ಕಳು ದೂರು ಕೊಟ್ಟಾಗ ಮಾತ್ರ ಅಜ್ಜಿ ಹೋಗಿ ನೋಡಿ, "ಇಲ್ಲಿ ಸ್ವರದ್ದೇನೂ ತಪ್ಪಿಲ್ಲ" ಎಂದು ಕೈತೊಳೆದುಕೊಂಡಿದ್ದಳು.

ಅವಳ ಕೈಗೆ ಸಿಗದೆ ಉಳಿದದ್ದು ಒಂದೇ ಕೋಣೆ, ಪಕ್ಕದ ಬೀದಿಯ ಬೈಂಡರ್ ಮಾಮನದು. ಅವರು ಪುಸ್ತಕದ ಬೆನ್ನಿಗೆ ಅಂಟು ಹಚ್ಚಲು ಕೂತರೆ ಸಾಕು, ಒಂದು ಗಂಟೆ ಮಾಯ. ಬ್ರಷ್ ಅದ್ದಿ ತೆಗೆಯುವಷ್ಟರಲ್ಲಿ ಅಂಟು ಒಣಗಿ ಕಲ್ಲಾಗಿರುತ್ತಿತ್ತು, ಟೀ ಆರಿರುತ್ತಿತ್ತು. ಅವರು ಇಪ್ಪತ್ತು ವರ್ಷ ಕೂತು ಬರೆದ ಹಕ್ಕಿಚಿತ್ರಗಳ ಹಾಳೆಗಳು ಕಪಾಟಿನಲ್ಲಿ ಬಿಡಿಬಿಡಿಯಾಗಿಯೇ ಬಿದ್ದಿದ್ದವು. ಅಷ್ಟು ದಪ್ಪದ ಪುಸ್ತಕಕ್ಕೆ ಗಂಟೆಯಿಡೀ ಹಸಿಯಾಗಿರುವ ಅಂಟು ಬೇಕು.

"ನನ್ನ ಕಿವಿ ಹೋಗೋದ್ರೊಳಗೆ ಸರಿಮಾಡ್ತೀನಿ ಕಣೋ" ಎಂದು ಅಜ್ಜಿ ಅವರಿಗೆ ಮಾತು ಕೊಟ್ಟಿದ್ದಳು. ಈಗ ಬಲಗಿವಿ ಪೂರ್ತಿ ಹೋಗಿತ್ತು. ಎಡಗಿವಿಯೂ ಇನ್ನೊಂದು ವಾರ ಎಂದು ಡಾಕ್ಟರು ಹೇಳಿದ್ದರು. ಮೂರು ಸಲ ಹೋಗಿ ಬಂದರೂ ಆ ಕೋಣೆ ಪಾಪದ ಹಸುವಿನಂತೆ ಸುಮ್ಮನಿತ್ತು.

"ನೀನೇ ಹೋಗಿ ಬಾ. ಮೊದಲು ಅವನನ್ನ ಹೊರಗೆ ಕಳಿಸು. ಜನ ಇದ್ದರೆ ಕೋಣೆ ಬಾಯಿ ಬಿಡಲ್ಲ" ಎಂದು ಪೆಟ್ಟಿಗೆಯನ್ನು ಗುಬ್ಬಿಯ ಕೈಗಿತ್ತಳು. ಅದು ಕಸುಬಿನ ಕಟ್ಟುನಿಟ್ಟು.

ಬೈಂಡರ್ ಮಾಮ ಜಗ್ಗಲಿಲ್ಲ. "ಹೊರಗೆ ನಿಂತು ನಿಂತು ನನಗೆ ಬೀದಿನಾಯಿಗಳ ಪರಿಚಯ ಆಗಿದೆ ಹೊರತು ಬೇರೇನೂ ಆಗಿಲ್ಲ. ಅಂಟು ಕಾಯಿಸಿದ್ದೀನಿ, ನಾನು ಏಳಲ್ಲ."

"ಬೆಳಿಗ್ಗೆ ಹಚ್ಚಿ ನೋಡಿದ್ರಾ ಮಾಮ?"

"ಬೆಳಿಗ್ಗೆ ಹಚ್ಚಿದ್ರೆ ಬೆಳಗಿನ ಗಂಟೆ ಹೋಗತ್ತೆ. ಅದಕ್ಕೆ ಹೊತ್ತುಗೊತ್ತು ಇಲ್ಲ."

ಗುಬ್ಬಿಗೆ ತಲೆಯೊಳಗೆ ಏನೋ ಕುಟುಕಿತು. ಕೋಣೆಯ ತಪ್ಪಾದರೆ ಅದು ಮಾಮ ಬ್ರಷ್ ಹಿಡಿಯುವುದನ್ನೇ ಕಾಯಬೇಕಾಗಿಲ್ಲವಲ್ಲ. ಅವಳು ಏಳನೆಯ ಕವೆಯನ್ನು ಮಂಡಿಗೆ ಬಡಿದು ಮೇಜಿನ ಮೇಲೂರಿದಳು. ಪುಸ್ತಕ ಒತ್ತುವ ಕಬ್ಬಿಣದ ಪ್ರೆಸ್ಸು ಅದೇ ಸ್ವರಕ್ಕೆ ಮೆಲ್ಲಗೆ ದನಿಗೂಡಿಸಿತು. ಮಾಮ ಬ್ರಷ್ ಅದ್ದಿದರು. ಅದ್ದುತ್ತಿದ್ದಂತೆ, ತಮಗೇ ತಿಳಿಯದೆ, ಮೂಗಿನಲ್ಲಿ ಅದಕ್ಕಿಂತ ಕೂದಲೆಳೆಯಷ್ಟು ತಪ್ಪಿದ ಒಂದೇ ಸ್ವರ ಗುನುಗತೊಡಗಿದರು.

ಊಂವ್... ಊಂವ್... ಎಂದು ಗಾಳಿ ಎರಡು ಸಲ ತೂಗಿತು. ಗುಬ್ಬಿ ರೆಪ್ಪೆ ಬಡಿದಳು. ಮೇಜಿನ ಮೇಲಿದ್ದ ಬಿಸಿಲು ಬಾಗಿಲ ಬಳಿ ಇತ್ತು.

"ನೋಡಿದ್ಯಾ, ಕಳ್ಳ ಬಂದು ಹೋದ" ಎಂದರು ಮಾಮ.

"ಕಳ್ಳ ನಿಮ್ಮ ಮೂಗಲ್ಲಿದ್ದಾನೆ ಮಾಮ."

ಅವರು ನಂಬಲಿಲ್ಲ. "ನಾನಾ? ನಾನು ಬಾಯಿ ಮುಚ್ಚಿಕೊಂಡು ಕೆಲಸ ಮಾಡೋನು."

ಮಾರನೆಯ ದಿನ ಗುಬ್ಬಿ ಅಜ್ಜಿಯನ್ನೇ ಕೈಹಿಡಿದು ಕರೆತಂದಳು. ವಿಷಯ ಕೇಳಿದ ಅಜ್ಜಿ, "ಮೂರು ಸಲವೂ ಕಳ್ಳನನ್ನ ಹೊರಗೆ ಕಳಿಸಿ ಮನೆ ಹುಡುಕಿದೆನಲ್ಲೇ" ಎಂದು ತನಗೆ ತಾನೇ ನಕ್ಕಳು. "ಈಗ ಅವನ ಬಾಯಿ ಹೊಲಿಯೋಣ ಅಂತೀಯಾ?"

"ಬೇಡ ಅಜ್ಜಿ. ಮಾಮ ಗುನುಗಲಿ. ಪ್ರೆಸ್ಸೇ ಅವರ ಸ್ವರಕ್ಕೆ ಬರಲಿ."

ಗುಬ್ಬಿ ಪ್ರೆಸ್ಸಿನ ಅಡಿಗೆ ಕಂಬಳಿಯ ತುಂಡು ತುರುಕಿದಳು, ತಿರುಪನ್ನು ಕೂದಲೆಳೆಯಷ್ಟು ಸಡಿಲಿಸಿದಳು, ಮತ್ತೆ ಬಿಗಿದಳು. ಪ್ರತಿ ಸಲವೂ ಮಾಮ ಗುನುಗಬೇಕು. ಪ್ರತಿ ಸಲವೂ ಒಂದಿಷ್ಟು ಹೊತ್ತು ಹಾರಿಹೋಗಬೇಕು. ಹೀಗೆ ಮೂರು ಲೋಟ ಟೀ ಯಾರೂ ಕುಡಿಯದೆಯೇ ಆರಿದವು.

"ಕೇಳ್ತಿದೆಯಾ ಅಜ್ಜಿ?"

ಅಷ್ಟು ಮೆಲ್ಲನೆಯ ಸ್ವರ ಅಜ್ಜಿಯ ಎಡಗಿವಿಗೆ ಈಗ ಕೇಳಿಸುತ್ತಿರಲಿಲ್ಲ. ಅವಳು ಒಂದು ಕೈ ಪ್ರೆಸ್ಸಿನ ಮೇಲೆ, ಇನ್ನೊಂದು ಕೈ ಗುನುಗುತ್ತಿದ್ದ ಮಾಮನ ಬೆನ್ನಿನ ಮೇಲೆ ಇಟ್ಟು ಕಣ್ಣು ಮುಚ್ಚಿದಳು. ಎರಡು ಅಂಗೈಗಳಲ್ಲಿ ಎರಡು ನಡುಕ. ಗುಬ್ಬಿ ಇನ್ನೊಂದು ಎಳೆಯಷ್ಟು ತಿರುಗಿಸಿದಳು.

"ನಿಲ್ಲು" ಎಂದಳು ಅಜ್ಜಿ. "ಒಂದೇ ಆಯ್ತು."

ಮಾಮ ಹಕ್ಕಿಗಳ ಹಾಳೆಗಳನ್ನು ಜೋಡಿಸಿ, ಬೆನ್ನಿಗೆ ಅಂಟು ಹಚ್ಚತೊಡಗಿದರು. ಗುನುಗುತ್ತಲೇ ಹಚ್ಚಿದರು. ಬಿಸಿಲು ಮೇಜಿನ ಒಂದು ಗೀರಿನಿಂದ ಇನ್ನೊಂದು ಗೀರಿಗೆ ಇರುವೆಯ ಹಾಗೆ ನಡೆಯಿತು. ಅಜ್ಜಿ ನಾಲ್ಕನೆಯ ಲೋಟದ ಟೀಯನ್ನು ಬಿಸಿಬಿಸಿಯಾಗಿ ಕುಡಿದು ಮುಗಿಸಿದಳು. ಗಂಟೆ ತುಂಬಿದಾಗ ಮಾಮ ಅಂಟಿಗೆ ಬೆರಳು ತಾಕಿಸಿ, ಆ ಬೆರಳನ್ನು ಅಜ್ಜಿಯ ಮುಂದೆ ಹಿಡಿದರು.

"ಹಸಿ ಇದೆ ಅಕ್ಕ."

ಅಜ್ಜಿ ಅವರ ತುಟಿ ನೋಡಿ ಅರ್ಥಮಾಡಿಕೊಂಡಳು. ಗುಬ್ಬಿ ಪುಸ್ತಕವನ್ನು ಪ್ರೆಸ್ಸಿನೊಳಗೆ ಸರಿಸಿದಳು.