ಇಂದ್ರಮ್ಮನ ಅರಿಸಿನ ಬಣ್ಣದ ಚೂಡಿದಾರ

ಇಂದ್ರಮ್ಮ ಗ್ರಾಮ ಪಂಚಾಯಿತಿ ಮೆಂಬರಾದ ಮೇಲೆ ಪ್ರತಿ ಸಭೆಗೂ ಗಂಡ ಬೋರಯ್ಯನ ಬೈಕಿನ ಹಿಂದೆ ಕೂತೇ ಹೋಗುತ್ತಿದ್ದಳು. ಬೋರಯ್ಯ ಬಾಗಿಲವರೆಗೆ ಬಿಟ್ಟು ವಾಪಸಾಗಿದ್ದರೆ ಯಾರ ತಕರಾರೂ ಇರುತ್ತಿರಲಿಲ್ಲ. ಆದರೆ ಅವನು ಒಳಗೂ ಬರುತ್ತಿದ್ದ. ಹೆಂಡತಿಯ ಪಕ್ಕದ ಕುರ್ಚಿ ಎಳೆದುಕೊಂಡು ಕೂರುತ್ತಿದ್ದ. ಅವಳು ಬಾಯಿ ತೆರೆಯುವಷ್ಟರಲ್ಲಿ, "ನಮ್ದೇನೂ ಇಲ್ಲ ಬುಡಿ, ಬರ್ಕಳಿ" ಅಂದುಬಿಡುತ್ತಿದ್ದ. ಅವಳು ಓಟು ಕೇಳಿದ್ದು ತಮ್ಮ ತೆಂಕಲ ಬೀದಿಯ ಚರಂಡಿ ಮಾಡಿಸುತ್ತೇನೆಂದು. ಚರಂಡಿ ಹಾಗೇ ಇತ್ತು, ಮಳೆ ಬಂದರೆ ಅದರ ನೀರು ನೇರವಾಗಿ ಅದೇ ಬೀದಿಯ ಮರಿತಾಯಮ್ಮನ ಕೊಟ್ಟಿಗೆಗೆ ನುಗ್ಗುತ್ತಿತ್ತು. ಮರಿತಾಯಮ್ಮ ದಿನಾ ಬೆಳಿಗ್ಗೆ ಇಂದ್ರಮ್ಮನ ಮನೆ ಮುಂದೆ ನಿಂತು ಯಾರ ಹೆಸರನ್ನೂ ಎತ್ತದೆ ಬಯ್ಯುತ್ತಿದ್ದಳು.

ಒಬ್ಬಳೇ ಹೋಗಬೇಕು ಅಂತ ಇಂದ್ರಮ್ಮ ತೀರ್ಮಾನಿಸಿದಳು. ಸೊಸೆ ದೀಪಿಕ ಬೆಳಕವಾಡಿಯ ಒಂದು ಶಾಲೆಯಲ್ಲಿ ಪಾಠ ಹೇಳುತ್ತಿದ್ದಳು. ಅವಳ ಹತ್ತಿರ ಸ್ಕೂಟಿ ಇತ್ತು. ಭಾನುವಾರಗಳಲ್ಲಿ ಕಾಲುವೆ ಏರಿಯ ಮೇಲೆ ಅತ್ತೆಗೆ ಸ್ಕೂಟಿ ಕಲಿಸಿದಳು. ಇಂದ್ರಮ್ಮ ಬೇಗನೇ ಕಲಿತಳು. ಕಲಿತ ಖುಷಿಯಲ್ಲಿ ಒಂದು ಕೈ ಎತ್ತಿ ಸೆರಗು ಸರಿಮಾಡಿಕೊಳ್ಳಲು ಹೋದಾಗ ಸೆರಗು ಹಿಂದಿನ ಚಕ್ರಕ್ಕೆ ಸುತ್ತಿಕೊಂಡಿತು. ಸ್ಕೂಟಿಯೂ ಅವಳೂ ಒಟ್ಟಿಗೇ ಕೆಸರಿಗೆ ಇಳಿದರು.

"ಸೀರೇಲಿ ಆಗಲ್ಲ ಅತ್ತೆ. ಚೂಡಿದಾರ ತಗೊಳ್ಳಿ" ಅಂದಳು ದೀಪಿಕ, ಕೆಸರು ತೊಳೆಯುತ್ತಾ.

"ನಾನಾ? ಚೂಡಿದಾರಾನಾ? ಈ ಸೊಂಟ ಇಟ್ಕಂಡಾ?"

ಇಂದ್ರಮ್ಮನ ಮೈಕಟ್ಟು ಹೇಗೆಂದರೆ, ಹೆಗಲು ಹದಿನೆಂಟರ ಹುಡುಗಿಯದು, ತೋಳು ಸಣ್ಣ. ಸೊಂಟದಿಂದ ಕೆಳಗೆ ಮಾತ್ರ ಬೇರೆ ಯಾರದೋ ಅನ್ನುವ ಹಾಗೆ ಅಗಲ. ಮದುವೆಯಾದ ಹೊಸದರಲ್ಲಿ ಅತ್ತೆ ಆ ಸೊಂಟ ನೋಡಿಯೇ ಕೊಡ ಹೊರಲು ಹೇಳಿ ಮಾಡಿಸಿದಂತಿದೆ ಎಂದು ಮೆಚ್ಚಿದ್ದರು. ಸೀರೆಯ ನೆರಿಗೆ ಎಲ್ಲವನ್ನೂ ಹೊಂದಿಸಿಕೊಂಡು ಹೋಗುತ್ತಿತ್ತು. ಅದು ಬಟ್ಟಂಬಯಲಾಗುವುದು ಅವಳಿಗೆ ಇಷ್ಟವಿರಲಿಲ್ಲ.

ದೀಪಿಕ ಫೋನಿನಲ್ಲಿ ವಿಡಿಯೋ ನೋಡಿ ತಯಾರಾಗಿದ್ದಳು. "ನಿಮ್ದು ಪೇರ್ ಶೇಪ್ ಅತ್ತೆ. ಅದಕ್ಕೆ ಬೇರೆ ಥರ ಬಟ್ಟೆ ಬತ್ತದೆ."

"ಪೇರ್ ಅಂದ್ರೇನು?"

"ಬೇರಿಕಾಯಿ ಇಲ್ವಾ, ಅದು."

ಇಂದ್ರಮ್ಮ ಸೊಸೆಯ ಕಡೆ ತಿರುಗಿದಳು. "ಬೋಯ್ತಾ ಇದ್ದೀಯೇನವ್ವಾ?"

"ಅಯ್ಯೋ ಇಲ್ಲ! ಮೇಲೆ ಎದ್ದು ಕಾಣೋ ಬಣ್ಣ ಹಾಕ್ಬೇಕಂತೆ, ಕೆಳಗೆ ಕಡು ಬಣ್ಣ. ಟಾಪು ಸೊಂಟದಿಂದ ಹರಡ್ಕಂಡಿರ್ಬೇಕಂತೆ. ಚೆಂದ ಕಾಣ್ತೀರಿ."

ಮಳವಳ್ಳಿಯ ಅಂಗಡಿಗಳಲ್ಲಿ ಪರಿಚಯದವರು ಸಿಗುತ್ತಾರೆಂದು ಇಬ್ಬರೂ ಮದ್ದೂರಿನ ಬಸ್ಸು ಹತ್ತಿದರು. ಬೋರಯ್ಯನಿಗೆ ಹಲ್ಲಿನ ಡಾಕ್ಟರ ಹತ್ತಿರ ಹೋಗುತ್ತೇವೆಂದು ಹೇಳಿದ್ದರು.

ಅಂಗಡಿಯ ಹುಡುಗಿ ಇಂದ್ರಮ್ಮನ ಮುಖ, ಹೆಗಲು ಮಾತ್ರ ನೋಡಿ ಮೀಡಿಯಂ ಸೈಜಿನ ನೇರವಾದ ಟಾಪೊಂದನ್ನು ಕೊಟ್ಟಳು. ಇಂದ್ರಮ್ಮ ಟ್ರಯಲ್ ರೂಮಿನೊಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಟಾಪು ತಲೆ ದಾಟಿತು, ಎದೆ ದಾಟಿತು, ಸೊಂಟಕ್ಕೆ ಬಂದು ನಿಂತಿತು. ಕೆಳಗೆ ಎಳೆದರೆ ಬರಲಿಲ್ಲ. ಮೇಲೆ ಎಳೆದರೆ ತೋಳು ಸಿಕ್ಕಿಹಾಕಿಕೊಂಡಿತು.

"ದೀಪೂ, ಒಳಕ್ ಬಾ. ನಂಗೆ ಕೈ ಬತ್ತಾ ಇಲ್ಲ."

ದೀಪಿಕ ಒಳಗೆ ನುಗ್ಗಿದಳು. ಒಬ್ಬರು ನಿಲ್ಲುವ ಜಾಗದಲ್ಲಿ ಇಬ್ಬರು. ಅತ್ತೆ ಎರಡೂ ಕೈ ಮೇಲೆತ್ತಿ ನಿಂತಿದ್ದಳು, ಸೊಸೆ ಬಾಳೆಹಣ್ಣಿನ ಸಿಪ್ಪೆ ಸುಲಿದ ಹಾಗೆ ಸುಲಿಯುತ್ತಿದ್ದಳು. ಗೋಡೆಗೆ ಮೊಣಕೈ ಬಡಿದ ಸದ್ದಿಗೆ ಹೊರಗಿನಿಂದ ಅಂಗಡಿಯ ಹುಡುಗಿ, "ಮೇಡಂ, ಹೊಲಿಗೆ ಬಿಡುತ್ತೆ!" ಎಂದು ಕೂಗಿದಳು.

"ಉಸ್ರೇ ಬುಡ್ತಾ ಅದೆ, ಒಲಿಗೆ ಏನು!" ಒಳಗಿನಿಂದ ಇಂದ್ರಮ್ಮ ಕೂಗಿದಳು. ಇಬ್ಬರಿಗೂ ನಗು ಬಂತು. ನಕ್ಕಿದ್ದಕ್ಕೋ ಏನೋ, ಟಾಪು ಕಳಚಿ ಬಂತು.

ಆಮೇಲೆ ಡಬಲ್ ಎಕ್ಸೆಲ್ ತಂದರು. ಅದು ಸೊಂಟಕ್ಕೆ ಸರಿಹೋಯಿತು, ಹೆಗಲಿನಿಂದ ಮಾತ್ರ ಜಾರಿ ಹೊಲದ ಬೆದರುಬೊಂಬೆಗೆ ತೊಡಿಸಿದ ಅಂಗಿಯಂತೆ ನೇತಾಡಿತು. ಕೊನೆಗೆ ದೀಪಿಕ ತಾನೇ ಹುಡುಕಿ ಅರಿಸಿನ ಬಣ್ಣದ ಸೆಟ್ ಒಂದನ್ನು ತಂದಳು. ಕತ್ತಿನ ಸುತ್ತ ಕಸೂತಿ, ಸೊಂಟದಿಂದ ಕೆಳಗೆ ಅಗಲಕ್ಕೆ ಹರಡುವ ಟಾಪು, ಕಡು ಹಸಿರು ಪ್ಯಾಂಟು, ಅದೇ ಹಸಿರಿನ ವೇಲು. ಇಂದ್ರಮ್ಮ ಮೀಡಿಯಂ ಟಾಪು ಹಾಕಿಕೊಂಡು ಕನ್ನಡಿ ನೋಡಿದಳು. ಹೆಗಲು ನೆಟ್ಟಗೆ ಕೂತಿತ್ತು, ಸೊಂಟ ಎಲ್ಲಿ ಶುರುವಾಗಿ ಎಲ್ಲಿ ಮುಗಿಯಿತೆಂದೇ ತಿಳಿಯುತ್ತಿರಲಿಲ್ಲ. ಅವಳು ಪಕ್ಕಕ್ಕೆ ತಿರುಗಿ ನೋಡಿದಳು, ಬೆನ್ನು ತಿರುಗಿಸಿ ನೋಡಿದಳು.

"ನಾನೇ ಏನವ್ವಾ ಇದು?"

ಆದರೆ ಸೆಟ್ಟಿನ ಪ್ಯಾಂಟೂ ಮೀಡಿಯಮ್ಮೇ. ಅದು ಮೊಣಕಾಲಿನಿಂದ ಮೇಲೆ ಏರಲಿಲ್ಲ. ದೊಡ್ಡ ಪ್ಯಾಂಟು ಡಬಲ್ ಎಕ್ಸೆಲ್ ಸೆಟ್ಟಿನಲ್ಲಿತ್ತು. "ಸೆಟ್ ಒಡೆಯೋಕಾಗಲ್ಲ ಮೇಡಂ, ಓನರ್ ಬೈತಾರೆ" ಎಂದಳು ಹುಡುಗಿ.

ಅಷ್ಟರಲ್ಲಿ ಪಕ್ಕದ ಟ್ರಯಲ್ ರೂಮಿನಿಂದ ದನಿ ಬಂತು. "ರೀ, ನಿಮಗೆ ದೊಡ್ಡ ಪ್ಯಾಂಟು ಬೇಕಾ? ನನ್ನದು ನಿಲ್ಲೋದೇ ಇಲ್ಲ ಕಣ್ರೀ, ಕೈಯಲ್ಲಿ ಹಿಡ್ಕೊಂಡು ನಿಂತಿದೀನಿ."

ಬಾಗಿಲು ಸ್ವಲ್ಪ ತೆರೆಯಿತು. ಕನ್ನಡಕ ಹಾಕಿದ, ತುಂಬು ಎದೆ ಹೊಟ್ಟೆಯ, ಕಡ್ಡಿಯಂಥ ಕಾಲಿನ ಹೆಂಗಸೊಬ್ಬರು ಅದೇ ಅರಿಸಿನ ಬಣ್ಣದ ಸೆಟ್ಟಿನಲ್ಲಿ, ಪ್ಯಾಂಟಿನ ಸೊಂಟವನ್ನು ಮುಷ್ಟಿಯಲ್ಲಿ ಹಿಡಿದು ನಿಂತಿದ್ದರು. ಮಳವಳ್ಳಿಯಲ್ಲಿ ಟೀಚರಾಗಿ ನಿವೃತ್ತರಾದ ರಂಗನಾಯಕಿ. ಯೋಗ ಕ್ಲಾಸಿಗೆ ಸೇರಿದ್ದರಂತೆ. ಮೊದಲ ದಿನವೇ ಸೀರೆಯಲ್ಲಿ ಕಾಲು ಮೇಲೆತ್ತಲು ಹೇಳಿದರೆಂದು ಸಿಟ್ಟುಮಾಡಿಕೊಂಡು ಎದ್ದು ಬಂದಿದ್ದರು.

"ನೀವು ಮೀಡಿಯಂ ಸೆಟ್ ತಗೊಳ್ಳಿ, ನಾನು ದೊಡ್ಡದು ತಗೋತೀನಿ. ಪ್ಯಾಂಟು ಅದಲು ಬದಲು ಮಾಡ್ಕೊಳ್ಳೋಣ" ಎಂದರು ಟೀಚರು.

"ಒಂದೇ ಬಣ್ಣ ಆಯ್ತದಲ್ಲ ಟೀಚರೇ?"

"ಆಗಲಿ ಬಿಡ್ರೀ. ನನ್ನಂಥ ಮೈಗೆ ಇಂಥ ಬಣ್ಣ ಹಾಕಲೇಬಾರದು ಅಂತ ಮಗಳು ಹೇಳಿ ಕಳಿಸಿದಾಳೆ. ಆದರೆ ನನಗೆ ಅರಿಸಿನ ಬಣ್ಣವೇ ಇಷ್ಟ, ಏನ್ ಮಾಡ್ಲಿ?"

ಬಾಗಿಲ ಸಂದಿಯಲ್ಲೇ ಪ್ಯಾಂಟುಗಳು ಅದಲು ಬದಲಾದವು. ಅಂಗಡಿಯ ಹುಡುಗಿ ಕಂಡೂ ಕಾಣದವಳಂತೆ ಬಿಲ್ಲು ಹಾಕಿದಳು. ಬಸ್ ನಿಲ್ದಾಣದಲ್ಲಿ ಮೂವರೂ ಕೂತು ವಡೆ ತಿಂದರು. ಫೋನ್ ನಂಬರು ಬರೆಸಿಕೊಂಡ ಮೇಲೆಯೇ ಟೀಚರು ತಮ್ಮ ಬಸ್ಸು ಹತ್ತಿದ್ದು.

ಮುಂದಿನ ಸಭೆಯ ದಿನ ಬೋರಯ್ಯ ಡೈರಿಗೆ ಹಾಲು ಹಾಕಲು ಹೋಗಿದ್ದ. ಇಂದ್ರಮ್ಮ ಚೂಡಿದಾರ ಹಾಕಿಕೊಂಡಳು. ದೀಪಿಕ ವೇಲನ್ನು ಮುಖಕ್ಕೆ ಸುತ್ತಿ ಹಿಂದೆ ಬಿಗಿಯಾಗಿ ಗಂಟು ಹಾಕಿ, ಮೇಲೆ ಹೆಲ್ಮೆಟ್ ಇಟ್ಟಳು. ಇಂದ್ರಮ್ಮ ಎಲ್ಲೂ ನಿಲ್ಲಿಸದೆ ಪಂಚಾಯಿತಿ ಕಟ್ಟಡದ ಮುಂದೆ ಬ್ರೇಕ್ ಹಾಕಿದಳು. ಗಂಟು ಬಿಚ್ಚಲು ಬರಲಿಲ್ಲ. ಹಾಗೇ ಒಳಗೆ ನಡೆದಳು.

ಅಧ್ಯಕ್ಷ ದೊಡ್ಡಸಿದ್ದಯ್ಯ ಕಾಲು ಮೇಲೆ ಕಾಲು ಹಾಕಿಕೊಂಡು ಟೀ ಕುಡಿಯುತ್ತಿದ್ದ. ಹೆಲ್ಮೆಟ್ಟು, ಹೊಳೆಯುವ ಅರಿಸಿನ ಬಣ್ಣ, ಬಿರುಸಿನ ನಡಿಗೆ ಎಲ್ಲ ನೋಡಿ ತಾಲ್ಲೂಕಿನಿಂದ ಯಾರೋ ತನಿಖೆಗೆ ಬಂದರೆಂದು ದಡಬಡಿಸಿ ಎದ್ದ. ಎತ್ತಿ ಕಟ್ಟಿದ್ದ ಪಂಚೆ ಇಳಿಸಿದ. ಉಳಿದ ಮೆಂಬರುಗಳೂ ಎದ್ದರು. ಅಭಿವೃದ್ಧಿ ಅಧಿಕಾರಿ ಶಶಿಧರ್ ತನ್ನ ಕುರ್ಚಿಯನ್ನೇ ಮುಂದೆ ತಳ್ಳಿದ.

"ಬನ್ನಿ ಮೇಡಂ, ಕೂತ್ಕಳಿ. ಲೇ, ಟೀ ತನ್ರಲಾ!"

ಇಷ್ಟು ದಿನ ಆ ಕೋಣೆಯಲ್ಲಿ ಅವಳಿಗೆ ಯಾರೂ ಕೂರಲು ಹೇಳಿದ್ದಿಲ್ಲ. ಇಂದ್ರಮ್ಮ ಕೂತಳು. ವೇಲಿನೊಳಗಿಂದ ದನಿ ಗಡುಸಾಗಿಯೇ ಬಂತು. "ತೆಂಕಲ ಬೀದಿ ಚರಂಡಿ ಯಾಕೆ ಅಂಗೇ ಐತೆ? ಕೊಟ್ಗೆ ಒಳಕ್ಕೆ ನೀರು ನುಗ್ತಾ ಅದೆ."

"ಅಯ್ಯೋ, ಅದಾ ಮೇಡಂ? ಈ ಸಭೇಲೇ ತಗಳ್ತಾ ಇದ್ದೀವಿ. ಸೋಮ್ವಾರದಿಂದ್ಲೇ ಕೆಲ್ಸ ಸುರು. ಬರ್ಕಳಿ ಸಶಿಧರಪ್ಪ, ಬರ್ಕಳಿ!"

ಶಶಿಧರ್ ಬರೆದುಕೊಂಡ. ಎಲ್ಲರೂ ಒಪ್ಪಿಗೆಯೆಂದು ತಲೆಯಾಡಿಸಿದರು. ಇಂದ್ರಮ್ಮ ಹೆಲ್ಮೆಟ್ ತೆಗೆದು, ಹೇಗೋ ಗಂಟು ಜಗ್ಗಿ ಬಿಚ್ಚಿ, "ಟೀಗೆ ಸಕ್ಕರೆ ಒಸಿ ಕಮ್ಮಿ ಆಕ್ಸಿ ಸಿದ್ದಣ್ಣ" ಅಂದಳು.

ಮೊದಲು ನಕ್ಕವನು ಶಶಿಧರ್. ದೊಡ್ಡಸಿದ್ದಯ್ಯ ಕುರ್ಚಿಗೆ ಕುಸಿದು, "ಅಲ್ಲ ಕಣವ್ವಾ, ನೀನಾ?" ಎಂದ. "ಬರ್ದಿರೋದು ಒಡ್ದಾಕ್ಲಾ ಅಣ್ಣ?" ಎಂದು ಶಶಿಧರ್ ಕೇಳಿದಾಗ, ಅಷ್ಟು ಜನರ ಎದುರು ಆಡಿದ ಮಾತು ತಿರುಗಿಸಲಾಗದೆ ಅಧ್ಯಕ್ಷ, "ಇರ್ಲಿ ಬುಡು" ಎಂದ.

ಬೋರಯ್ಯ ಬಂದಾಗ ಸಭೆ ಮುಕ್ಕಾಲು ಮುಗಿದಿತ್ತು. ಹೆಂಡತಿಯ ಪಕ್ಕದಲ್ಲಿ ಖಾಲಿ ಕುರ್ಚಿ ಇರಲಿಲ್ಲ. ಬಾಗಿಲಲ್ಲಿ ನಿಂತು ಒಂದು ಗಳಿಗೆ ನೋಡಿದ. ಅರಿಸಿನ ಬಣ್ಣದವಳು ಕೈ ಬೀಸಿ ಬೀದಿದೀಪದ ವಿಷಯ ಮಾತಾಡುತ್ತಿದ್ದಳು. ಅವನು ಹೊರಗೆ ಕಟ್ಟೆಯ ಮೇಲೆ, ಊರಿಗೆ ನಲ್ಲಿ ನೀರು ಬಿಡುವ ನೀರುಗಂಟಿ ಅಂಕಯ್ಯನ ಪಕ್ಕ ಹೋಗಿ ಕೂತ. ಮನೆಗೆ ವಾಪಸಾಗುವಾಗ ಸ್ಕೂಟಿಯ ಹಿಂದೆ ದೂರ ಬಿಟ್ಟು ಬೈಕಿನಲ್ಲಿ ಬಂದ. ಅವತ್ತು ರಾತ್ರಿ ತಾನೇ ಬಡಿಸಿಕೊಂಡು ಉಂಡ. ಮಾರನೆಯ ದಿನ ಊಟ ಬಡಿಸುವಾಗ ಇಂದ್ರಮ್ಮನೇ ಕೇಳಿದಳು.

"ಕ್ವಾಪನಾ?"

"ಹಲ್ಲಿನ್ ಡಾಕ್ಟ್ರು ಅಂತ ಸುಳ್ ಯೋಳುದ್ರಲ್ಲ, ಅದಕ್ಕೆ ಕ್ವಾಪ." ಬೋರಯ್ಯ ಮುದ್ದೆ ಮುರಿಯುತ್ತಾ ತಟ್ಟೆ ನೋಡಿಕೊಂಡೇ ಅಂದ. "ಬಟ್ಟೆ ಚೆಂದಾಗೈತೆ."

ಚರಂಡಿ ಕೆಲಸ ಹೇಳಿದ ಸೋಮವಾರ ಶುರುವಾಗಲಿಲ್ಲ, ಅದರ ಮುಂದಿನ ಸೋಮವಾರ ಶುರುವಾಯಿತು. ಮರಿತಾಯಮ್ಮ ಬಯ್ಯುವುದನ್ನು ನಿಲ್ಲಿಸಿ, ಆ ಬಟ್ಟೆ ಎಲ್ಲಿ ತಂದೆ ಎಂದು ಕೇಳಲು ಬಂದಳು.

ಟೀ ಅಂಗಡಿಯಲ್ಲಿ ಬೋರಯ್ಯನ ಗೆಳೆಯ ಮಾದಯ್ಯ ಛೇಡಿಸದೆ ಬಿಡಲಿಲ್ಲ. "ಏನ್ಲಾ ಬೋರ, ನಿನ್ ಎಂಡ್ರು ಈ ವಯಸ್ನಲ್ಲಿ ಚೂಡಿದಾರ ಆಕ್ಕಂಡು ಗಾಡಿ ಓಡಿಸ್ತಾವಳಂತೆ?"

"ಊಂ ಕಣ್ಲಾ," ಅಂದ ಬೋರಯ್ಯ. "ನೀನು ಪಂಚೆ ಉಟ್ಕಂಡು ಬೈಕ್ ಓಡಿಸ್ದಾಗ ಸೇತ್ವೆ ಮ್ಯಾಲೆ ಗಾಳಿ ಬಂದು ಏನಾಯ್ತು ಅಂತ ಬಸ್ಸಲ್ಲಿದ್ದೋರೆಲ್ಲ ನೋಡವ್ರೆ. ನೀನೂ ಒಂದ್ ಪ್ಯಾಂಟ್ ತಗೋ."