ಮೊಣಕಾಲೆಂದು ಹೇಳಿದ ನೋವು

ಮೊಣಕಾಲು ಅಂದುಬಿಟ್ಟದ್ದೇ ತಪ್ಪಾಯಿತೇ? ಬೇರೆ ಏನು ಹೇಳಬಹುದಿತ್ತು? ಅಷ್ಟು ಜನ ಸುತ್ತ ನಿಂತು ನಗುತ್ತಿರುವಾಗ ಬಾಯಿಗೆ ಬಂದದ್ದು ಅದೊಂದೇ. ಆದರೆ ಈಗ ಒಳಗಿರುವ ಡಾಕ್ಟರಮ್ಮನಿಗೂ ಮೊಣಕಾಲೇ ಅನ್ನಬೇಕೇ? ಕಾರವಾರದ ಆ ಫಿಸಿಯೋಥೆರಪಿ ಕೋಣೆಯ ಹೊರಗೆ ಬೆಂಚಿನ ಮೇಲೆ ಕೂತ ದೇವಿದಾಸನಿಗೆ ಇದು ಬಗೆಹರಿಯಲಿಲ್ಲ. ಪಕ್ಕದಲ್ಲಿ ಹೆಂಡತಿ ಬೇಬಿ ಎಕ್ಸ್‌ರೇ ಕವರನ್ನು ಮಡಿಲಲ್ಲಿಟ್ಟುಕೊಂಡಿದ್ದಳು. ಅದರೊಳಗೆ ಅವನ ಮೊಣಕಾಲಿತ್ತು. ಮೂಳೆಯಲ್ಲಿ ಒಂದು ಗೀರೂ ಇರಲಿಲ್ಲ.

ಆ ಚಿತ್ರವೇ ಅವನ ಮೇಲೆ ತಿರುಗಿಬಿದ್ದಿತ್ತು. ಅವನು ದುಡಿಯುವ ಮೀನುಗಾರಿಕೆ ಬೋಟನ್ನು ನಡೆಸುವ ತಾಂಡೇಲ ಜಗದೀಶ ಅದನ್ನು ಬಿಸಿಲಿಗೆ ಹಿಡಿದು, ಬೈತಖೋಲ ಬಂದರಿನ ಜೆಟ್ಟಿಯ ಮೇಲೆ ಎಲ್ಲರಿಗೂ ತೋರಿಸಿದ್ದ. "ಎಂತದೂ ಆಗಲಿಲ್ಲ ಇದಕ್ಕೆ. ನಮ್ಮ ಇಂಜಿನ್‌ಕಿಂತ ಚಂದ ಅದೆ. ದೇವು, ಕೆಲಸ ಬ್ಯಾಡ ಅಂದ್ರೆ ಬ್ಯಾಡ ಅನ್ನು. ಈ ನಾಟಕ ಎಂತಕ್ಕೆ?"

ನಾಟಕ! ಜ್ವರ ಬಂದಾಗಲೂ ಹಾರವಾಡದಿಂದ ಮೊದಲ ಬಸ್ಸು ಹಿಡಿದು ಬಂದು ಬೋಟು ಹತ್ತಿದವನು ಅವನು.

ನಡೆದದ್ದು ಇಷ್ಟು. ಬೈತಖೋಲದಲ್ಲಿ ಬೋಟುಗಳನ್ನು ಒಂದರ ಪಕ್ಕಕ್ಕೊಂದು ಒತ್ತಿ ಕಟ್ಟುತ್ತಾರೆ. ಹೊರಗಿನ ಬೋಟಿಗೆ ಹೋಗಬೇಕಾದವನು ಒಳಗಿನವನ್ನೆಲ್ಲ ದಾಟಿಕೊಂಡೇ ಹೋಗಬೇಕು. ಐಸ್ ಬುಟ್ಟಿ ಹೊತ್ತಿದ್ದ ದೇವಿದಾಸನ ಒಂದು ಕಾಲು ಈ ಬೋಟಿನ ಅಂಚಿನಲ್ಲಿ, ಇನ್ನೊಂದು ಆ ಬೋಟಿನ ಅಂಚಿನಲ್ಲಿ ಇದ್ದಾಗ ನೀರು ಉಬ್ಬಿತು. ಬೋಟುಗಳು ದೂರ ಸರಿದವು, ಕಾಲುಗಳೂ ಅವುಗಳ ಜೊತೆ ಹೋದವು. ತೊಡೆಯ ಒಳಗೆ, ಅದು ಸೊಂಟಕ್ಕೆ ಕೂಡುವಲ್ಲಿ, ಏನೋ ಪರ್ರನೆ ಹರಿಯಿತು. ಯಾರೋ ಅಂಗಿ ಹಿಡಿದೆಳೆದರು. ನೀರಿಗೆ ಬೀಳಲಿಲ್ಲ, ಅಷ್ಟೇ.

"ಅರೇ ದೇವು, ಎರಡೆರಡು ಸಂಸಾರ ಮಾಡೂಕೆ ಹೊಂಟ್ಯಾ?" ಎಂದ ಜೊತೆಯ ಖಲಾಸಿ ರೂಪೇಶ, ಬಲೆಯ ರಾಶಿಯ ಮೇಲಿಂದ. "ಕೆಳಗೆ ಎಲ್ಲಾ ಸರಿ ಅದೆ ಅಲ್ದಾ? ಬೇಬಕ್ಕಗೆ ಎಂತ ಹೇಳ್ವಾ ನಾವು?"

ಎಲ್ಲರೂ ನಕ್ಕರು. ದೇವಿದಾಸನ ಕೈ ಆಗ ನೋವಿದ್ದಲ್ಲೇ ಇತ್ತು. ಅದನ್ನು ಸರಕ್ಕನೆ ಕೆಳಗೆ ಜಾರಿಸಿದ. "ಮೊಣಕಾಲು" ಎಂದ.

ಆಮೇಲೆ ಮೊಣಕಾಲಿಗೇ ಎಣ್ಣೆ, ಮೊಣಕಾಲಿಗೇ ಶಾಖ, ಮೊಣಕಾಲಿಗೇ ಎಕ್ಸ್‌ರೇ. ಹಲ್ಲು ಕಚ್ಚಿಕೊಂಡು ಬೋಟು ಹತ್ತಿದ, ಹತ್ತಲಾಗದಷ್ಟು ನೋವು ಆಗುವವರೆಗೆ.

ಒಳಗಿದ್ದ ಫಿಸಿಯೋಥೆರಪಿಸ್ಟ್ ವಿನುತಾ ಅಂಕೋಲೆಯವಳು, ವಯಸ್ಸಿನಲ್ಲಿ ಅವನ ತಂಗಿಯಷ್ಟು. ಅವನು ಮೊಣಕಾಲು ಎಂದೇ ಹೇಳಿದ. ಅವಳು ಅದನ್ನು ಮಡಚಿದಳು, ಬಿಡಿಸಿದಳು, ಒತ್ತಿದಳು. ಅವನನ್ನು ಮಲಗಿಸಿ, ಎರಡೂ ಕಾಲು ಮಡಚಿಸಿ, ಮೊಣಕಾಲುಗಳ ನಡುವೆ ತನ್ನ ಮುಷ್ಟಿ ಇಟ್ಟಳು.

"ಎರಡೂ ಕಡೆಯಿಂದ ನನ್ನ ಮುಷ್ಟಿ ಅಮುಕಿ."

ಅಮುಕಿದ. ಕೂಗು ತಾನಾಗಿ ಹೊರಟಿತು, ಕೈ ತಾನಾಗಿ ತೊಡೆಯ ಬುಡಕ್ಕೆ ಹೋಯಿತು. ಈ ಸಲ ಜಾರಿಸುವುದಕ್ಕೆ ಪುರುಸೊತ್ತು ಸಿಗಲಿಲ್ಲ.

"ಮೊಣಕಾಲಿಗೆ ಏನೂ ಆಗಲಿಲ್ಲ" ಎಂದಳು ವಿನುತಾ. ನಗಲಿಲ್ಲ. ಮೂಲೆಯಲ್ಲಿದ್ದ ಪ್ಲಾಸ್ಟಿಕ್ ಕಾಲನ್ನು ತಂದು ಬೆರಳಿಟ್ಟು ತೋರಿಸಿದಳು. "ಹೊಟ್ಟೆ ಮುಗಿಯೋ ಕಡೆ ಈ ಮೂಳೆ ಅದೆಯಲ್ಲ, ಇಲ್ಲಿಂದ ಐದು ಸ್ನಾಯು ಹೊರಡ್ತವೆ. ನಾಲ್ಕು ತೊಡೆಮೂಳೆ ಹಿಡ್ಕೊಳ್ತವೆ. ಐದನೇದು, ಪಟ್ಟಿ ಹಾಂಗೆ ಸಪೂರ ಇದ್ದದ್ದು, ಮೊಣಕಾಲು ದಾಟಿ ಕೆಳಗೆ ಹೋಗ್ತದೆ. ಅಗಲಾದ ಕಾಲನ್ನ ಒಳಗೆ ಎಳೆಯೋದು ಇವುಗಳ ಕೆಲಸ. ಬೋಟು ಹೊಯ್ದಾಡುವಾಗ ನೀವು ಬೀಳದೆ ನಿಲ್ತೀರಲ್ಲ, ಆಗ ಇವೆಲ್ಲ ದುಡೀತಾ ಇರ್ತವೆ. ನಿಮ್ಮದು ಆ ನಾಲ್ಕರಲ್ಲಿ ಒಂದು, ಇದು. ಬುಡದಲ್ಲಿ ಹರಿದ ಹಾಗೆ ಕಾಣ್ತದೆ."

"ಎಕ್ಸ್‌ರೇಲಿ ಎಂತದೂ ಇಲ್ಲ ಅಂದ್ರು" ಎಂದಳು ಜೊತೆಗೆ ಒಳಗೆ ಬಂದಿದ್ದ ಬೇಬಿ.

"ಅದ್ರಲ್ಲಿ ಮೂಳೆ ಕಾಣ್ತದೆ ಅಕ್ಕಾ, ಸ್ನಾಯು ಹರಿದದ್ದು ಕಾಣೂದಿಲ್ಲ. ಅದೂ ಅಲ್ದೆ, ಈ ಎಕ್ಸ್‌ರೇ ಬೇರೆ ಜಾಗದ್ದು. ಎರಡು ತಿಂಗಳು ಬೋಟು ಬೇಡ. ವ್ಯಾಯಾಮ ಹೇಳಿಕೊಡ್ತೆ, ಗುಣ ಆಗ್ತದೆ. ಮೊದಲೇ ಹೇಳಿದ್ರೆ ಇಷ್ಟು ಬೆಳೀತಿರಲಿಲ್ಲ."

ದೇವಿದಾಸನಿಗೆ ಸಿಟ್ಟು ಬಂತು. ಅವಳ ಮೇಲಲ್ಲ. ಇಷ್ಟು ವರ್ಷ ಅವನನ್ನು ಸಮುದ್ರದ ಮೇಲೆ ನಿಲ್ಲಿಸಿದ ಮಾಂಸಕ್ಕೆ ಅವರ ಬೋಟಿನಲ್ಲಿ ಮರ್ಯಾದೆಯ ಒಂದು ಹೆಸರಿರಲಿಲ್ಲ. ಬೆನ್ನು ಹಿಡಿದರೆ, ಕೈ ಮುರಿದರೆ ಜನ ಮುಖ ಸಣ್ಣದು ಮಾಡಿಕೊಂಡು ವಿಚಾರಿಸುತ್ತಾರೆ. ಈ ಜಾಗದ ಮಾತು ಬಂದರೆ ನಗು, ಇಲ್ಲವೇ ಬೈಗುಳ.

ಹೊರಗೆ ಬಂದದ್ದೇ ಬೇಬಿ ತಿರುಗಿ ನಿಂತಳು. "ಹಂಗಾರೆ ನಾ ದಿನಾ ಎಣ್ಣೆ ಹಚ್ಚಿ ತಿಕ್ಕಿದ್ದು ಯಾರ ಕಾಲು? ನನಗಾದ್ರೂ ಹೇಳೂಕಾಗಿತ್ತು ನೀವು."

ಅವನು ಬಗ್ಗಿ ಚಪ್ಪಲಿ ಹುಡುಕಿದ.

"ನಡೀರಿ ಬೈತಖೋಲಕ್ಕೆ. ತಾಂಡೇಲನ ಮುಂದೆ ಹೇಳಿ. ನಾಟಕ ಅಂದದ್ದು ವಾಪಸ್ ತಕ್ಕಳ್ಲಿ ಅವ."

ಜೆಟ್ಟಿಯಲ್ಲಿ ಬಲೆ ಹೊಲಿಯುತ್ತಿದ್ದರು. "ದೇವು, ಇವತ್ತು ಯಾವ ಕಾಲು ಕುಂಟೂದು?" ಎಂದ ರೂಪೇಶ. ಜಗದೀಶ ಅವನನ್ನು ಗದರಿಸಿ, ಎದ್ದು ಬಂದು, ದೇವಿದಾಸನ ಹೆಗಲ ಮೇಲೆ ಕೈಯಿಟ್ಟ. ದನಿ ತಗ್ಗಿಸಿದ.

"ನೋಡು, ಮೊನ್ನೆ ನಾ ಹೆಚ್ಚು ಮಾತಾಡ್ದೆ. ನಿನ್ನ ಬಿಟ್ಟು ಮತ್ತೊಬ್ಬನ್ನ ತಕ್ಕಣೂಕೆ ಮನಸ್ಸಿಲ್ಲ ನಂಗೆ. ಎಂತ ಆಗದೆ, ಸಮಾ ಹೇಳು. ಜಾಗ ಇಟ್ಟಿರ್ತೆ."

ಬೇಬಿ ಗಂಡನ ಮುಖವನ್ನೇ ನೋಡುತ್ತಿದ್ದಳು. ಬಲೆ ಹೊಲಿಯುವ ಕೈಗಳು ನಿಂತಿದ್ದವು. ರೂಪೇಶನ ತುಟಿ ಆಗಲೇ ಅರ್ಧ ಬಿರಿದಿತ್ತು. ನಂಬಿಸುವುದಕ್ಕೆ ಇವರೆಲ್ಲರ ಮುಂದೆ ತೊಡೆ ಬಿಚ್ಚಿ ತೋರಿಸಬೇಕೇ? ತನ್ನ ಮಾತಿಗೆ, ಇಷ್ಟು ವರ್ಷದ ದುಡಿತಕ್ಕೆ ಬೆಲೆಯಿಲ್ಲವೇ? ದೇವಿದಾಸ ಹೆಗಲ ಮೇಲಿನ ಕೈಯನ್ನು ಕೊಡವಿದ.

"ಮೊಣಕಾಲು ಅಂತ ಆವಾಗೇ ಹೇಳಿದ್ನಲ್ಲ!" ಎಂದ, ಎಲ್ಲರಿಗೂ ಕೇಳುವ ಹಾಗೆ. "ನಂಬೂದಾದ್ರೆ ನಂಬು, ಇಲ್ಲಾಂದ್ರೆ ಬಿಡು."

ಜಗದೀಶ "ಹಂಗಾರೆ ಮುಗೀತು" ಎಂದು ಬೋಟಿನ ಕಡೆ ನಡೆದ. ಬೇಬಿ ಬಾಯಿ ತೆರೆದವಳು ಗಂಡನ ಕಣ್ಣು ನೋಡಿ ಮುಚ್ಚಿದಳು.

ಮರುದಿನ ಅವನ ಜಾಗದಲ್ಲಿ ಕೇಣಿ ಊರಿನ ಕಾಶಿ ಎಂಬವನು ಬೋಟು ಹತ್ತಿದ. ಹರಿದದ್ದು ತೊಡೆಯ ಒಳಗೆ ಎಂದು ದೇವಿದಾಸ ಜಗದೀಶನಿಗೆ ಹೇಳಲೇ ಇಲ್ಲ.